ಸಿದ್ದಣ್ಣನ ಕಾಲು ಮೈಲು

ಹೋದ ತಿಂಗಳು ಮನೆಯ ಕಿಟಕಿಗಳಿಗೆ ಹೊಸ ಪರದೆ ಹೊಲಿಸಬೇಕೆಂದು ನನ್ನ ಹೆಂಡತಿ ಸರೋಜಾ ತೀರ್ಮಾನಿಸಿದಳು. ತೀರ್ಮಾನ ಅವಳದು, ಸ್ಟೂಲು ಹತ್ತುವುದು ನನ್ನದು. ನಮ್ಮ ಸಂಸಾರ ಮೊದಲಿನಿಂದಲೂ ಹೀಗೆಯೇ ನಡೆದುಬಂದಿದೆ, ನನಗೇನೂ ತಕರಾರಿಲ್ಲ. ಅಳತೆಪಟ್ಟಿ ಹುಡುಕಲು ಅಟ್ಟದ ಮೇಲಿನ ಟ್ರಂಕು ಇಳಿಸಿದೆ. ಹಳೆಯ ಸ್ವೆಟರುಗಳ ಕೆಳಗೆ ಚರ್ಮದ ದುಂಡು ಡಬ್ಬಿಯೊಂದು ಸಿಕ್ಕಿತು. ಅದರೊಳಗೆ ಮೂವತ್ತು ಮೀಟರ್ ಉದ್ದದ ಬಟ್ಟೆಯ ಟೇಪು. ನಮ್ಮ ಇಡೀ ಕಟ್ಟಡಕ್ಕೆ ಪರದೆ ಹೊಲಿಸಿದರೂ ಅಷ್ಟು ಉದ್ದದ ಟೇಪು ಬೇಕಾಗಲಾರದು. ಆದರೂ ಅದನ್ನೇ ಹಿಡಿದು ಸ್ಟೂಲು ಹತ್ತಿದೆ. ಸರಳಿಗೆ ಎಷ್ಟು ರಿಂಗು ಹಿಡಿಸುತ್ತವೆ ಎಂದು ಸರೋಜಾ ಕೇಳಿದಳು. ನಾನು ಎಣಿಸತೊಡಗಿದೆ: "ಲಾಭ, ಎರಡು, ಮೂರು…"

"ಒಂದು ಅನ್ನಲಿಕ್ಕೆ ಬಾಯಿ ನೋಯ್ತದೇನ್ರಿ ನಿಮಗ?" ಎಂದಳು ಸರೋಜಾ ಕೆಳಗಿನಿಂದ.

ಬಾಯಿ ನೋಯುವುದಿಲ್ಲ, ಬಾಯಿಗೆ ಬರುವುದೇ ಇಲ್ಲ. ನಮ್ಮದು ಜೋಳದ ವ್ಯಾಪಾರದ ಮನೆತನ. ಅಪ್ಪನ ಅಂಗಡಿ ಪುಣೆಯ ಬಿಬವೇವಾಡಿಯಲ್ಲಿತ್ತು. ಬಿಜಾಪುರದ ಕಡೆಯಿಂದ ಜೋಳದ ಲಾರಿ ಬಂದು ನಿಂತರೆ ಅಪ್ಪ ಧೋತರದ ಚುಂಗು ಸಿಕ್ಕಿಸಿಕೊಂಡು ಚೀಲ ಎಣಿಸಲು ನಿಲ್ಲುತ್ತಿದ್ದರು. ಮೊದಲನೆಯ ಚೀಲಕ್ಕೆ ಒಂದು ಎನ್ನುವಂತಿಲ್ಲ, ಲಾಭ ಎನ್ನಬೇಕು. ಆಮೇಲೆ ಎರಡು, ಮೂರು, ನಾಲ್ಕು. ನಮ್ಮ ಕಡೆಯ ಕಾಳಿನ ವ್ಯಾಪಾರಿಗಳೆಲ್ಲ ಹೀಗೆಯೇ ಎಣಿಸುತ್ತಾರೆ. ಅಪ್ಪನದು ಇನ್ನೂ ಒಂದು ಹೆಜ್ಜೆ ಮುಂದೆ. "ಕೆಲಸಕ್ಕ ಕೈ ಹಚ್ಚಿದ ಕೂಡ್ಲೇ ಬಾಯಾಗ ಲಾಭ ಅಂತ ಬರಬೇಕು, ತಡಾ ಮಾಡಬಾರದು" ಎನ್ನುತ್ತಿದ್ದರು. ನಾನು ಅಪ್ಪನ ವ್ಯಾಪಾರ ಕಲಿಯಲಿಲ್ಲ, ಈ ಒಂದು ಮಾತನ್ನು ಮಾತ್ರ ಚೆನ್ನಾಗಿ ಕಲಿತೆ. ಮರಾಠಿ ಶಾಲೆಯಲ್ಲಿ ಮಾಸ್ತರರು ಹಲಗೆಯ ಮೇಲೆ ಐದು ಮಾವಿನಹಣ್ಣು ಬರೆದು ಎಣಿಸು ಎಂದಾಗ ಎದ್ದು ನಿಂತು "ಲಾಭ್, ದೋನ್, ತೀನ್" ಎಂದಿದ್ದೆ. ಇಡೀ ತರಗತಿ ನಕ್ಕಿತು. ಏಳನೆಯ ಇಯತ್ತೆ ಮುಗಿಯುವವರೆಗೂ ಗೆಳೆಯರ ಬಾಯಲ್ಲಿ ನನ್ನ ಹೆಸರು ಲಾಭ್ಯಾ.

ಆ ಅಡ್ಡಹೆಸರಿನಿಂದ ನನಗಾದ ನಷ್ಟ ಅಷ್ಟಕ್ಕಷ್ಟೇ. ಆದರೆ ಇದೇ ಚಾಳಿಯಿಂದ, ಇದೇ ಟೇಪು ಹಿಡಿದುಕೊಂಡು, ನಾನೊಬ್ಬ ದೊಡ್ಡ ಮನುಷ್ಯನಿಗೆ ಅನ್ಯಾಯ ಮಾಡಿದೆ. ಸ್ಟೂಲಿನ ಮೇಲೆ ನಿಂತು ಅದನ್ನೇ ನೆನೆಯುತ್ತ ಎಷ್ಟು ಹೊತ್ತು ಕಳೆದೆನೋ, ಸರೋಜಾ ಒಳಗೆ ಹೋಗಿ ಕುಕ್ಕರ್ ಇಟ್ಟು ಬಂದಳು.

ದೊಡ್ಡ ಮನುಷ್ಯ ಎಂದರೆ ನೀವು ಖಾದಿ ಅಂಗಿಯನ್ನು ನೆನಪಿಸಿಕೊಳ್ಳಬೇಡಿ. ಸಿದ್ದಣ್ಣ ಬಡಿಗೇರನ ಮೈಮೇಲೆ ಆಯಿಲ್ ಮೆತ್ತದ ಅಂಗಿಯನ್ನು ನಾನು ಕಂಡದ್ದು ಎರಡೇ ಸಲ, ಎರಡೂ ಮದುವೆಗಳಲ್ಲಿ. ಅವನು ಸಿಂದಗಿ ಕಡೆಯವನು. ಅವನ ಅಪ್ಪ, ಅಜ್ಜ ಎತ್ತಿನ ಬಂಡಿಗೆ ಗಾಲಿ ಮಾಡುತ್ತಿದ್ದವರು. ಅವನು ಪುಣೆಗೆ ಬಂದದ್ದು ಕಟ್ಟಡದ ಕೆಲಸದವರ ಜೊತೆ, ಸ್ಲ್ಯಾಬಿಗೆ ಹಲಗೆ ಬಡಿಯಲು. ಮುಂದೆ ಒಂದು ಕಾರ್ಖಾನೆಯಲ್ಲಿ ಲೇಥು ಕಲಿತು, ಕೊಂಢವಾದಲ್ಲಿ ತಗಡಿನ ಶೆಡ್ಡು ಹಾಕಿಕೊಂಡು ಮೋಟಾರ್ ಸೈಕಲ್ ರಿಪೇರಿಗೆ ಕೂತ.

ತೊಂಬತ್ತರ ದಶಕದ ಆರಂಭದ ಒಂದು ಮಧ್ಯಾಹ್ನ ನನ್ನ ಸ್ಕೂಟರು ಸರಿಯಾಗಿ ಅವನ ಶೆಡ್ಡಿನ ಮುಂದೆ ಕೆಟ್ಟು ನಿಂತಿತು. ನಾನಾಗ ಒಂದು ಟ್ರಾನ್ಸ್‌ಪೋರ್ಟ್ ಆಫೀಸಿನಲ್ಲಿ ಗುಮಾಸ್ತ. ಸುತ್ತ ಮರಾಠಿ ಮಂದಿಯೇ ಇದ್ದುದರಿಂದ ಧೈರ್ಯವಾಗಿ ಕನ್ನಡದಲ್ಲಿ ಸ್ಕೂಟರಿನ ವಂಶವನ್ನು ಬೈಯುತ್ತ ಕಿಕ್ ಹೊಡೆಯುತ್ತಿದ್ದೆ. ಶೆಡ್ಡಿನೊಳಗಿಂದ ಒಂದು ದನಿ ಬಂತು. "ಅದರ ಅವ್ವಗ ಯಾಕ ಬೈತೀರಿ? ಪ್ಲಗ್ಗಿನ್ಯಾಗ ಕಸಾ ಕುಂತದ."

ಅವನು ಸ್ಕೂಟರನ್ನು ಕಂಡಿರಲೂ ಇಲ್ಲ, ಕಿಕ್ಕಿನ ಸದ್ದನ್ನಷ್ಟೇ ಕೇಳಿದ್ದ. ಪ್ಲಗ್ಗು ಬಿಚ್ಚಿದಾಗ ಕಸ ಕೂತಿತ್ತು. ಅವತ್ತಿನಿಂದ ಹೆಚ್ಚುಕಡಿಮೆ ಪ್ರತಿ ಸಂಜೆ ಆಫೀಸು ಬಿಟ್ಟವನು ಮನೆಗೆ ಹೋಗುವ ಮೊದಲು ಅವನ ಶೆಡ್ಡಿಗೆ ಹೋಗುತ್ತಿದ್ದೆ. ತಿರುವಿ ಹಾಕಿದ ಡಬ್ಬಿಯೊಂದು ನನ್ನ ಖಾಯಂ ಆಸನವಾಯಿತು. ಅವನು ನನಗಿಂತ ಏಳೆಂಟು ವರ್ಷ ಹಿರಿಯ. ನಾನು ಅಣ್ಣ ಎಂದೆ, ಅವನು ಮಲ್ಲೂ ಎಂದ, ಅವನ ಹೆಂಡತಿ ಗಂಗಾ ವೈನಿ ನನಗೂ ಸೇರಿಸಿ ಚಹಾ ಕಾಸತೊಡಗಿದರು. ಸಂಬಂಧ ಬೆಳೆಯಲು ಇನ್ನೇನು ಬೇಕು ಹೇಳಿ.

ಆ ಶೆಡ್ಡಿನ ಮೂಲೆಯಲ್ಲಿ ಅವನ ನಿಜವಾದ ಕೆಲಸ ನಡೆಯುತ್ತಿತ್ತು. ಗುಜರಿಯಿಂದ ತಂದ ಟೂ ಸ್ಟ್ರೋಕ್ ಎಂಜಿನ್ನೊಂದನ್ನು ಬಿಚ್ಚಿ, ಕಟ್ಟಿ, ಮತ್ತೆ ಬಿಚ್ಚಿ ಒಂದು ಮೋಟಾರ್ ಸೈಕಲ್ ಮಾಡುತ್ತಿದ್ದ. ಅದಕ್ಕೆ ಹೋರಿ ಎಂದು ಹೆಸರು. ಫುಟ್‌ಪಾತಿನ ರದ್ದಿಯಲ್ಲಿ ಸಿಕ್ಕ ಹಳೆಯ ಅಮೆರಿಕದ ಪತ್ರಿಕೆಯೊಂದು ಅವನಲ್ಲಿತ್ತು. ಹಳೇ ಕಾರುಗಳ ಮಡ್‌ಗಾರ್ಡು, ಬಾಗಿಲು ಎಲ್ಲ ಕಿತ್ತೆಸೆದು, ಪಾಳುಬಿದ್ದ ವಿಮಾನಪಟ್ಟಿಗಳ ಮೇಲೆ ಓಡಿಸುತ್ತಿದ್ದ ಹುಡುಗರ ಚಿತ್ರಗಳು ಅದರಲ್ಲಿದ್ದವು. ಆ ಚಿತ್ರಗಳನ್ನು ತೋರಿಸುತ್ತ ಅವನು "ಇವರೂ ನಮ್ಮಂಗ ಬಡಿಗ್ಯಾರ ನೋಡು. ಬ್ಯಾಡಾದ್ದೆಲ್ಲಾ ಕೆತ್ತಿ ತಗದಾರ" ಎಂದಿದ್ದ. ಭಾರ ಇಳಿಸಲು ಅವನೂ ತೆಗೆದ. ಬ್ರೇಕಿನ ಸನ್ನೆಗೆ ತೂತು, ಗೇರಿನ ಹಲ್ಲುಗಾಲಿಗೆ ತೂತು, ಸೀಟಿನ ಪಟ್ಟಿಗೆ ತೂತು. "ನನ್ನ ಬೂಂದಿ ಝಾರಾಕ್ಕಿಂತ ಇದಕ್ಕ ತೂತು ಜಾಸ್ತಿ ಆದ್ವು" ಎಂದು ಗಂಗಾ ವೈನಿ ನಗುತ್ತಿದ್ದರು. ಹಿಂದಿನ ಗಾಲಿಯನ್ನು ಒಂದು ಗೇಣು ಹಿಂದಕ್ಕೆ ಸರಿಸಿದ, ನಿಂತಲ್ಲಿಂದ ನೆಗೆಯುವಾಗ ಗಾಡಿ ಮೂತಿ ಎತ್ತಬಾರದೆಂದು. ಹೊಗೆಕೊಳವೆಯನ್ನು ತಗಡು ಸುತ್ತಿ ತಾನೇ ಮಾಡಿದ. ತಗಡು ಕತ್ತರಿಸಲು ಮಾದರಿ ಬೇಕಲ್ಲ, ಅದಕ್ಕೆ ಊರಿನಿಂದ ಬಂದ ಕನ್ನಡ ಕ್ಯಾಲೆಂಡರಿನ ಹಾಳೆಗಳು. ಮುಂದಿನ ಕೊಳವೆ ಶ್ರಾವಣ ಮಾಸದ ಅಳತೆಯದು, ಹಿಂದಿನದು ಕಾರ್ತಿಕದ್ದು.

ಇಷ್ಟೆಲ್ಲ ಯಾಕೆ? ಕಾಲು ಮೈಲು ಸೀದಾ ಓಡಲು. ನಿಂತಲ್ಲಿಂದ ಎದ್ದು ನಾನೂರಾ ಎರಡು ಮೀಟರು. ಅಷ್ಟೇ, ಮುಗಿಯಿತು. ಅಷ್ಟು ದೂರಕ್ಕೆ ಇಷ್ಟು ಒದ್ದಾಟವೇ ಎಂದು ನಾನೊಮ್ಮೆ ಕೇಳಿದ್ದೆ. ತಿರುವುಗಳಿರುವ ರೇಸು ನೋಡಲಾದರೂ ಚೆಂದ ಎಂದೂ ಸೇರಿಸಿದ್ದೆ.

ಅವನು ಕೈಯಲ್ಲಿನ ಅರವನ್ನು ಕೆಳಗಿಟ್ಟ. "ತಿರುವಿನ್ಯಾಗ ಸೋತಾಂವ ಉಸುಕು ಇತ್ತು, ಮತ್ತೊಬ್ಬ ಅಡ್ಡ ಬಂದ ಅಂತ ನೂರು ನೆಪಾ ಹೇಳ್ತಾನ. ಸೀದಾ ದಾರಿಯೊಳಗ ನೆಪಾ ಇಲ್ಲ ಮಲ್ಲೂ. ನೀ ಕಟ್ಟಿದ್ದು ಎಷ್ಟು ಖರೇ ಅದನೋ ಅಷ್ಟ ಓಡ್ತದ."

ಕೊಂಢವಾದ ಆಚೆ ಆಗ ಒಂದು ಹೊಸ ರಸ್ತೆ ತಯಾರಾಗಿತ್ತು. ಡಾಂಬರು ಬಿದ್ದಿತ್ತು, ವಾಹನಗಳಿಗೆ ಇನ್ನೂ ಬಿಟ್ಟಿರಲಿಲ್ಲ. ಒಂದು ಭಾನುವಾರ ಬೆಳಗ್ಗೆ ಬಿಸಿಲೇರುವ ಮುಂಚೆ ನಾವಿಬ್ಬರೂ ದಾರಿ ಅಳೆಯಲು ಹೋದೆವು. ಈ ಟೇಪು ನನ್ನ ಆಫೀಸಿನ ಗೋದಾಮಿನದು. ಲೆಕ್ಕ ಸರಳ. ಮೂವತ್ತು ಮೀಟರಿನ ಟೇಪನ್ನು ಹದಿಮೂರು ಸಲ ಹಾಸಬೇಕು, ಮೇಲೆ ಹನ್ನೆರಡು ಮೀಟರು ಸೇರಿಸಬೇಕು. ನಾನೂರಾ ಎರಡು ಆಯಿತು. ಟೇಪಿನ ಮುಂದಿನ ತುದಿ ಹಿಡಿದು ಸಿದ್ದಣ್ಣ ನಡೆಯುವುದು, ನಿಂತಲ್ಲಿ ಸುಣ್ಣದ ಗೆರೆ ಎಳೆಯುವುದು. ಹಿಂದಿನ ತುದಿ ಹಿಡಿದ ನಾನು ಆ ಗೆರೆಗೆ ಬಂದು ನಿಂತು ಎಣಿಸುವುದು. ಓದಿದವನು ಎಂಬ ಕಾರಣಕ್ಕೆ ಎಣಿಸುವ ಕೆಲಸ ನನಗೆ ಬಂದಿತ್ತು.

ಒಂದು ಮೋರಿಯ ಪಕ್ಕ ಓಟ ಶುರುವಾಗುವ ಗೆರೆ ಎಳೆದೆವು. ನಾನು ಅದರ ಮೇಲೆ ಟೇಪಿನ ತುದಿಯನ್ನು ಒತ್ತಿ ಹಿಡಿದೆ. ಕೆಲಸಕ್ಕೆ ಕೈ ಹಚ್ಚಿದಂತಾಯಿತಲ್ಲ, ಗಟ್ಟಿಯಾಗಿ "ಲಾಭ" ಎಂದೆ. ಸಿದ್ದಣ್ಣ ಮುಂದೆ ನಡೆದು ಸುಣ್ಣದ ಗೆರೆ ಎಳೆದ. ನಾನು ಆ ಗೆರೆಗೆ ಬಂದು ನಿಂತು "ಎರಡು" ಎಂದೆ.

ನಿಮಗೆ ಆಗಲೇ ಹೊಳೆದಿರಬೇಕು. ನನಗೆ ಹೊಳೆಯಲು ನಾಲ್ಕು ವರ್ಷ ಬೇಕಾಯಿತು. ನಾನು ಎರಡು ಎಂದಾಗ ಅಳತೆಯಾಗಿದ್ದದ್ದು ಒಂದೇ ಟೇಪು. ಹದಿಮೂರು ಎಂದಾಗ ಹನ್ನೆರಡು. ಚೀಲಗಳ ಮುಂದೆ ನಿಂತು ಲಾಭ ಎಂದರೆ ಕೈಕೆಳಗೆ ಒಂದು ಚೀಲವಾದರೂ ಇರುತ್ತದೆ. ನಾನು ಮಾತ್ರ ಏನೂ ಅಳೆಯದೆ, ಬರೀ ನೆಲ ಮುಟ್ಟಿ ಲಾಭ ಎಂದಿದ್ದೆ. ನಮ್ಮ ಕಾಲು ಮೈಲು ಮೂವತ್ತು ಮೀಟರು ಕಡಿಮೆ ಬಿದ್ದಿತ್ತು.

ಮುಂದಿನ ಭಾನುವಾರ ಹೋರಿ ಓಡಿತು. ನೋಡಲು ಬಂದವರು ಐವತ್ತು ಅರವತ್ತು ಮಂದಿ, ಬಹುಪಾಲು ಸುತ್ತಲಿನ ಗ್ಯಾರೇಜಿನವರು. ಕೊನೆಯ ಗೆರೆಯ ಹತ್ತಿರ, ಒಂದು ಬೇವಿನ ಮರದ ಕೆಳಗೆ ಸ್ಟಾಪ್‌ವಾಚ್ ಹಿಡಿದು ನಿಂತವರು ಜಾಧವ ಸರ್, ಹತ್ತಿರದ ಶಾಲೆಯ ವ್ಯಾಯಾಮದ ಮಾಸ್ತರರು. ನಾನು ಮೋರಿಯ ಹತ್ತಿರ ಕೆಂಪು ವಸ್ತ್ರ ಹಿಡಿದು ನಿಂತೆ. ವಸ್ತ್ರ ಕೆಳಗಿಳಿಸಿದೆ. ಹೋರಿ ಕೂಗಿದ ಕೂಗಿಗೆ ನನ್ನ ಎಡಕಿವಿ ಆ ದಿನವೆಲ್ಲ ಗುಂಯ್‌ಗುಟ್ಟಿತು. ನೀಲಿ ಹೊಗೆ ಕರಗುವಷ್ಟರಲ್ಲಿ ಸಿದ್ದಣ್ಣ ಆಚೆ ತುದಿಯಲ್ಲಿ ಚುಕ್ಕೆಯಾಗಿದ್ದ. ಜಾಧವ ಸರ್ ಕೈ ಮೇಲೆತ್ತಿಕೊಂಡೇ ಓಡಿಬಂದರು. ಹದಿಮೂರು ಸೆಕೆಂಡು, ಮೇಲೊಂದು ಬಿಂದು, ಒಂಬತ್ತು.

"ಏಕಚ್ ನಂಬರ್!" ಎಂದು ಗ್ಯಾರೇಜಿನವರೆಲ್ಲ ಕೂಗಿದರು. ಗಂಗಾ ವೈನಿ ಸಜ್ಜೆ ರೊಟ್ಟಿ, ಶೇಂಗಾ ಹಿಂಡಿ ಕಟ್ಟಿಕೊಂಡು ಬಂದಿದ್ದರು. ಮೋರಿಯ ಮೇಲೆ ಕೂತು ತಿಂದೆವು. ತುಂಡು ತಗಡು, ರದ್ದಿ ಕಬ್ಬಿಣ, ಕ್ಯಾಲೆಂಡರಿನ ಹಾಳೆಗಳಿಂದ ಹುಟ್ಟಿದ ಗಾಡಿ ಹದಿನಾಲ್ಕರ ಒಳಗೆ ಬಂದಿತ್ತು. ನಮ್ಮ ಸೀಮೆಯಲ್ಲಿ ಅದುವರೆಗೆ ಯಾರೂ ಅಲ್ಲಿಗೆ ಮುಟ್ಟಿರಲಿಲ್ಲ. ಮಾರನೆಯ ದಿನ ಸಿದ್ದಣ್ಣ ಶೆಡ್ಡಿನ ಗೋಡೆಯ ಮೇಲೆ ಆಳೆತ್ತರದ ಅಂಕಿಗಳಲ್ಲಿ ೧೩.೯ ಎಂದು ಬರೆದ.

ಆ ಅಂಕಿ ಕಾಲು ಬಂದಂತೆ ಊರೂರು ತಿರುಗಿತು. ಸಾತಾರಾ, ಸಾಂಗಲಿ, ಮುಂಬಯಿಯಿಂದ ಹುಡುಗರು ಬೈಕು ಏರಿ ಬಂದರು. ಅವರೆಲ್ಲ ಅವನ ಕೈಯಲ್ಲಿ ಎಂಜಿನ್ನು ಬಿಚ್ಚಿಸಿಕೊಂಡರು, ಅವನು ಹೇಳಿದ ಹಾಗೆ ಕೊಳವೆ ಸುತ್ತಿದರು. ಒಂದು ವರ್ಷದ ಮೇಲೆ ಕೊಲ್ಹಾಪುರದಿಂದ ಪಾಟೀಲ ಎಂಬವನು ಬಂದ. ಅವನೂ ತಾನೇ ಗಾಡಿ ಕಟ್ಟುವವನು. ಅವನ ಊರಿನಲ್ಲಿ ಭೂಮಿ ಅಳೆಯುವವರನ್ನು ಕರೆಸಿ, ಸರಪಳಿ ಹಾಕಿಸಿ ಕಾಲು ಮೈಲು ಗೊತ್ತುಮಾಡಿದ್ದರಂತೆ. ಅಲ್ಲಿ ಅವನ ಸಮಯ ಹದಿನಾಲ್ಕು ಬಿಂದು ಎರಡು. ಗೋಡೆಯ ಮೇಲಿನ ಅಂಕಿ ನೋಡಿದವನೇ ಬಗ್ಗಿ ಸಿದ್ದಣ್ಣನ ಕಾಲು ಮುಟ್ಟಿದ. ತಾನು ಎರಡನೆಯವನು ಎಂದು ಎಲ್ಲ ಕಡೆ ತಾನೇ ಹೇಳಿಕೊಂಡು ತಿರುಗಿದ. ಆ ಮನುಷ್ಯನ ಸಜ್ಜನಿಕೆ ಕಂಡು ನನಗೆ ಬಹಳ ಸಂತೋಷವಾಗಿತ್ತು. ಈಗ ನೆನೆದರೆ ಮುಖ ಎಲ್ಲಿ ಇಟ್ಟುಕೊಳ್ಳಲಿ ಅನ್ನಿಸುತ್ತದೆ.

ರಸ್ತೆ ವಾಹನಗಳಿಗೆ ತೆರೆಯಿತು. ದೀಪದ ಕಂಬಗಳು ಬಂದವು. ನಾಲ್ಕನೆಯ ವರ್ಷದ ಒಂದು ಸಂಜೆ ನನ್ನ ಸ್ಕೂಟರು ಸರಿಯಾಗಿ ಆ ಮೋರಿಯ ಹತ್ತಿರ ಟ್ರಾಫಿಕ್ಕಿನಲ್ಲಿ ಸಿಕ್ಕಿಕೊಂಡಿತು. ಏಣಿ ಹಾಕಿ ದೀಪ ಬದಲಿಸುತ್ತಿದ್ದವನ ಜೊತೆ ಸುಮ್ಮನೆ ಮಾತಿಗಿಳಿದೆ. ನನಗೆ ಮಾತಿನ ಚಟ. ಕಂಬದಿಂದ ಕಂಬಕ್ಕೆ ಮೂವತ್ತು ಮೀಟರು, ಅಳೆದು ನೆಟ್ಟದ್ದು ಎಂದ. ಹಾಗಾದರೆ ನಮ್ಮ ಕೊನೆಯ ಗೆರೆಯಿದ್ದ ಬೇವಿನ ಮರದವರೆಗೆ ಹದಿಮೂರು ಅಂತರ ಇರಬೇಕಲ್ಲ ಎಂದು ಮೋಜಿಗೆ ಎಣಿಸಿದೆ. ಹನ್ನೆರಡಿದ್ದವು. ಮತ್ತೊಮ್ಮೆ ಎಣಿಸಿದೆ. ಹಿಂದಿನವರು ಹಾರ್ನು ಹೊಡೆದರು. ಮುಂದಿನ ಭಾನುವಾರ ನಸುಕಿನಲ್ಲಿ ಒಬ್ಬನೇ ಟೇಪು ಹಿಡಿದು ಹೋದೆ, ತುದಿಯ ಮೇಲೆ ಕಲ್ಲಿಟ್ಟು ಅಳೆದೆ. ಮುನ್ನೂರಾ ಎಪ್ಪತ್ತೆರಡು. ಮೋರಿಯ ಮೇಲೆ ಕೂತು ಆ ಬೆಳಗಿನ ಕೆಲಸವನ್ನೆಲ್ಲ ಮನಸ್ಸಿನಲ್ಲೇ ಇನ್ನೊಮ್ಮೆ ಮಾಡಿದೆ. ಬಾಯಿಂದ ಮೊದಲ ಮಾತು ಹೊರಟಲ್ಲಿಯೇ ತಪ್ಪು ಸಿಕ್ಕಿತು.

ಆ ದಿನವೇ ಹೋಗಿ ಹೇಳಬೇಕಿತ್ತು. ಹೇಳಲೆಂದೇ ಹೋದೆ ಕೂಡ. ಶೆಡ್ಡಿನಲ್ಲಿ ಮುಂಬಯಿಯ ಇಬ್ಬರು ಹುಡುಗರು ಗೋಡೆಯ ಅಂಕಿಯ ಮುಂದೆ ನಿಂತು ಫೋಟೋ ತೆಗೆಸಿಕೊಳ್ಳುತ್ತಿದ್ದರು. ನಾಳೆ ಹೇಳೋಣ ಎಂದುಕೊಂಡೆ. ನಾಳೆ ಗಣಪತಿ ಹಬ್ಬ ಬಂತು. ಆಮೇಲೆ ಗಂಗಾ ವೈನಿಗೆ ಮೈಯಲ್ಲಿ ಸರಿ ಇರಲಿಲ್ಲ. ಆಮೇಲೆ ನನ್ನ ಮದುವೆ. ಹೀಗೆ ನೆಪಗಳು ಒಂದರ ಹಿಂದೊಂದು ಸಾಲಾಗಿ ಬಂದವು, ನಾನು ಪ್ರತಿಯೊಂದಕ್ಕೂ ಬಾಗಿಲು ತೆರೆದೆ. ಮೂವತ್ತು ಮೀಟರು ಎಂದರೆ ಎಷ್ಟು ಮಹಾ ಎಂದೂ ಸಮಾಧಾನ ಹೇಳಿಕೊಂಡೆ. ಅಂಜುಬುರುಕನಿಗೆ ತರ್ಕಶಾಸ್ತ್ರ ಎಷ್ಟು ಬೇಗ ಕೈವಶವಾಗುತ್ತದೆ ಎಂಬುದು ಆ ವರ್ಷಗಳಲ್ಲಿ ನನಗೆ ತಿಳಿಯಿತು.

ಆದರೆ ಅದು ಬರೀ ಗೋಡೆಯ ಮೇಲಿನ ಅಂಕಿಯಾಗಿ ಉಳಿಯಲಿಲ್ಲ. ಎರಡು ಸಾವಿರದ ನಂತರ ಬೇರೆ ಬೇರೆ ಊರುಗಳಲ್ಲಿ ಹುಡುಗರು ಅಳೆದು ಗೆರೆ ಹಾಕಿ ಓಟ ನಡೆಸತೊಡಗಿದರು. ಸಿದ್ದಣ್ಣನನ್ನು ಗೌರವದಿಂದ ಕರೆಯುತ್ತಿದ್ದರು. ಸಾತಾರಾ ಕಡೆಯ ಒಂದು ಓಟದಲ್ಲಿ ಹೋರಿ ಹದಿನಾಲ್ಕು ಐದು ತೋರಿಸಿತು. ಮತ್ತೊಂದು ಕಡೆ ಹದಿನಾಲ್ಕು ನಾಲ್ಕು. ಸಿದ್ದಣ್ಣ ಗಡಿಯಾರವನ್ನೂ ಬೈಯಲಿಲ್ಲ, ರಸ್ತೆಯನ್ನೂ ಬೈಯಲಿಲ್ಲ. ಮನೆಗೆ ಬಂದು ಎಂಜಿನ್ನು ಬಿಚ್ಚಿದ. ಚೆನ್ನಾಗಿದ್ದ ಸಿಲಿಂಡರನ್ನು ತೆಗೆದು ಬಿಸಾಡಿ ಹೊಸದು ಹಾಕಿದ. ಶ್ರಾವಣದ ಕೊಳವೆ ಕತ್ತರಿಸಿ ಮತ್ತೆ ಸುತ್ತಿದ. ಏನು ಮಾಡಿದರೂ ಹಳೆಯ ಅಂಕಿ ಸಿಗಲಿಲ್ಲ. ಎರಡು ವರ್ಷ ಹೀಗೆಯೇ ನಡೆಯಿತು. ಕೂದಲು ಬೆಳ್ಳಗಾಯಿತು. ಎಂಜಿನ್ನಿನ ಸದ್ದು ಕೇಳಿ ರೋಗ ಹೇಳುತ್ತಿದ್ದವನು ಈಗ ಗಿರಾಕಿಗಳ ಸ್ಕೂಟರಿನ ಮುಂದೆಯೂ "ನೋಡೂಣು, ಬಿಚ್ಚಿ ನೋಡೂಣು" ಎನ್ನತೊಡಗಿದ.

ಲೋಣಾವಳಾದ ಆಚೆ ಒಂದು ಖಾಸಗಿ ವಿಮಾನಪಟ್ಟಿಯ ಮೇಲೆ ದೊಡ್ಡ ಓಟ ಏರ್ಪಾಡಾಗಿದೆ, ಅಲ್ಲಿ ಸ್ಟಾಪ್‌ವಾಚ್ ಇಲ್ಲ, ಬೆಳಕಿನ ಕಿರಣ ದಾಟಿದರೆ ಯಂತ್ರವೇ ಸಮಯ ಬರೆಯುತ್ತದೆ ಎಂದು ಸುದ್ದಿ ಬಂತು. ಸಿದ್ದಣ್ಣನಿಗೂ ಕರೆ ಬಂದಿತ್ತು. ಅವತ್ತು ಸಂಜೆ ನಾನು ಹೋದಾಗ ಅವನು ಹೋರಿಯ ಪಕ್ಕ ನೆಲದ ಮೇಲೆ ಕೂತಿದ್ದ.

"ಇದ ಕಡೀ ಓಟ ಮಲ್ಲೂ. ಹದಿಮೂರು ಒಂಬತ್ತು ಬರಲಿಲ್ಲಂದ್ರ ಲೇಥ್ ಮಾರಿ ಊರಿಗೆ ಹೋಗ್ತೀನಿ."

"ಹಂಗ್ಯಾಕ ಅಂತೀ ಅಣ್ಣಾ?"

"ನನ್ನ ಕಿವಿ ಹೋತು. ಮೊದಲ ಅದು ಏನ್ ಹೇಳ್ತಿತ್ತೋ ನನಗ ತಿಳೀತಿತ್ತು. ಈಗ ಛಲೋ ಅದ ಅಂತ ಕಿವಿ ಹೇಳ್ತದ, ಗಡಿಯಾರ ಇಲ್ಲ ಅಂತದ. ಕಿವಿ ಸುಳ್ಳ ಹೇಳ್ಲಿಕತ್ತಂದ್ರ ನನ್ನ ಕಡೆ ಮತ್ತೇನದ?"

ನಾನು ಡಬ್ಬಿಯ ಮೇಲಿಂದ ಎದ್ದೆ. ಕೂತು ಹೇಳುವ ಮಾತಾಗಿರಲಿಲ್ಲ ಅದು. ಮೋರಿ, ಟೇಪು, ಕಂಬ ಎಲ್ಲವನ್ನೂ ಹೇಳಿದೆ. ಲಾಭ ಎಂದದ್ದನ್ನೂ ಹೇಳಿದೆ. ನಾನು ಹೇಳಿ ಮುಗಿಸುವವರೆಗೆ ಅವನು ಹೋರಿಯ ಗಾಲಿಯ ಕಡ್ಡಿಗಳನ್ನೇ ನೋಡುತ್ತಿದ್ದ. ಆಮೇಲೆ ಬಾಯಲ್ಲೇ ಲೆಕ್ಕ ಹಾಕಿದ. "ಮೂವತ್ತು ಮೀಟರು. ಆ ವೇಗದಾಗ ಮುಕ್ಕಾಲು ಸೆಕೆಂಡು. ಹಂಗಾದ್ರ ಅವತ್ತು ಹದಿನಾಲ್ಕು ಏಳರ ಹತ್ರ ಓಡಿತ್ತು." ನನ್ನ ಕಡೆ ತಿರುಗಿ ಕೇಳಿದ, "ಯಾವಾಗ ಗೊತ್ತಾತು ನಿನಗ?"

"ಆರು ವರ್ಷ ಆತು."

ಅವನು ಎದ್ದು ನಿಂತ. ದನಿ ಎತ್ತರಿಸಲಿಲ್ಲ, ಎತ್ತರಿಸಿದ್ದರೆ ನನಗೆ ಹಗುರವಾಗುತ್ತಿತ್ತು. "ತಪ್ಪಿದ್ದು ಹದಿನೈದು ನಿಮಿಷದ್ದು. ಅದು ಯಾರಿಂದರೆ ಆಗ್ತದ. ಮುಚ್ಚಿಟ್ಟಿದ್ದು ಆರು ವರ್ಷದ್ದು. ಎರಡು ವರ್ಷ ನಾ ಇಲ್ಲೆ ಕುಂತು ನನ್ನ ಕೈ ಬೈಕೊಂಡೆ, ನನ್ನ ಕಿವಿ ಬೈಕೊಂಡೆ. ನೀ ಬಾಜೂಕ ಕುಂತು ಚಾ ಕುಡದಿ."

ಗಂಗಾ ವೈನಿ ಚಹಾ ತಂದು ಬಾಗಿಲಲ್ಲಿ ನಿಂತಿದ್ದರು. ಅವರ ಕೈಯಲ್ಲಿ ಎರಡು ಲೋಟಗಳಿದ್ದವು. ನಾನು ತಲೆ ತಗ್ಗಿಸಿಕೊಂಡು ಅವರ ಪಕ್ಕದಿಂದಲೇ ಹೊರಟುಬಂದೆ.

ಮರುದಿನ ಆಫೀಸಿಗೆ ಹೋಗುವಾಗ ದೂರದಿಂದ ನೋಡಿದೆ. ಶೆಡ್ಡಿನ ಗೋಡೆಗೆ ಹಸಿ ಸುಣ್ಣ ಬಳಿದಿತ್ತು, ಅಂಕಿ ಇರಲಿಲ್ಲ. ಮುಂದಿನ ಮೂರು ವಾರ ನಾನು ಬೇರೆ ದಾರಿಯಿಂದ ಮನೆಗೆ ಬಂದೆ. ಸಂಜೆ ಇಷ್ಟು ಬೇಗ ಮನೆಗೆ ಬರುತ್ತಿದ್ದೀರಲ್ಲ, ಮೈ ಬೆಚ್ಚಗಿದೆಯೇ ಎಂದು ಸರೋಜಾ ಹಣೆ ಮುಟ್ಟಿ ನೋಡಿದಳು. ಅವಳಿಗೆ ಎಲ್ಲ ಹೇಳಿದೆ. ಅವಳು ಬೈಯಲಿಲ್ಲ. "ಓಟಕ್ಕ ಹೋಗ್ರಿ. ಕರೀಲಿಲ್ಲಂದ್ರೂ ಹೋಗ್ರಿ. ಅವರು ಮಾತಾಡ್ಲಿಲ್ಲಂದ್ರ ಮಾತಾಡ್ಸಿಕೊಳ್ಳದ ಬರ್ರಿ" ಎಂದಳು. ತೀರ್ಮಾನ ಈ ಸಲವೂ ಅವಳದೇ.

ಲೋಣಾವಳಾಕ್ಕೆ ಲೋಕಲ್ ಹಿಡಿದು, ಅಲ್ಲಿಂದ ಒಂದು ಜೀಪಿನಲ್ಲಿ ಹತ್ತು ಜನರ ನಡುವೆ ಹಿಟ್ಟಾಗಿ ಹೋಗಿ ಇಳಿದೆ. ಮೋರಿಯ ಪಕ್ಕದ ಓಟವನ್ನಷ್ಟೇ ಕಂಡವನಿಗೆ ಅದೊಂದು ಬೇರೆಯೇ ಲೋಕ. ಮೈಕು, ಹಗ್ಗ, ಬಣ್ಣಬಣ್ಣದ ಹೆಲ್ಮೆಟ್ಟು. ಗೆರೆಯ ಮುಂದೆ ಒಂದು ಕಂಬ, ಅದರಲ್ಲಿ ಹಳದಿ ದೀಪಗಳು ಒಂದೊಂದಾಗಿ ಹತ್ತಿ ಕೊನೆಗೆ ಹಸಿರು. ಬಂದವರಲ್ಲಿ ಅರ್ಧದಷ್ಟು ಹುಡುಗರು ಸಿದ್ದಣ್ಣನ ಕೊಳವೆ ಹಾಕಿದವರೇ. ಅವನು ಬಂದೊಡನೆ ದಾರಿ ಬಿಟ್ಟರು. ಹೆಸರಿನ ಜೊತೆ ಮೈಕಿನಲ್ಲಿ ಹದಿಮೂರು ಒಂಬತ್ತು ಎಂದೂ ಹೇಳಿದರು. ಅವನು ಮೈಕಿನವನ ಕಡೆ ಕೈ ಆಡಿಸಿ ಬೇಡ ಎಂದದ್ದು ನನಗೆ ಕಂಡಿತು. ಚಪ್ಪಾಳೆಯ ಗದ್ದಲದಲ್ಲಿ ಮೈಕಿನವನಿಗೆ ಕಾಣಲಿಲ್ಲ.

ನಾನು ಹಗ್ಗದ ಹೊರಗೆ, ಸಾಧ್ಯವಾದಷ್ಟು ಹಿಂದೆ ನಿಂತೆ. ಹಸಿರು ಹತ್ತಿತು. ಐವತ್ತರ ಹತ್ತಿರ ಬಂದ ಆ ಮನುಷ್ಯ ಟ್ಯಾಂಕಿನ ಮೇಲೆ ಎದೆಯೊತ್ತಿ ಮಲಗಿ ಹೋದ. ಹೋರಿಯ ಕೂಗಿನಲ್ಲಿ ಎಲ್ಲಿಯೂ ಬಿರುಕಿರಲಿಲ್ಲ. ನನಗೆ ಎಂಜಿನ್ನು ತಿಳಿಯದು, ಆದರೆ ಹನ್ನೆರಡು ವರ್ಷ ಆ ಸದ್ದಿನ ಪಕ್ಕದಲ್ಲಿ ಕೂತವನು. ಅದು ಹಿಂದೆಂದೂ ಅಷ್ಟು ಚೆನ್ನಾಗಿ ಓಡಿರಲಿಲ್ಲ ಎಂದು ಬೇಕಾದರೆ ಪ್ರಮಾಣ ಮಾಡಿ ಹೇಳುತ್ತೇನೆ.

ಓಟದ ಕೊನೆಯಲ್ಲಿ ಒಂದು ಮೇಜು. ಅಲ್ಲಿಂದ ಚಿಕ್ಕದೊಂದು ಚೀಟಿ ಕೊಡುತ್ತಾರೆ. ಸಿದ್ದಣ್ಣ ಚೀಟಿ ತೆಗೆದುಕೊಂಡು ಕಣ್ಣಿನಿಂದ ದೂರ ಹಿಡಿದ, ಹತ್ತಿರ ಹಿಡಿದ. ಹುಡುಗರೆಲ್ಲ ಸುತ್ತ ನೆರೆದರು, ಅವರ ನಡುವೆ ಕೊಲ್ಹಾಪುರದ ಪಾಟೀಲನೂ ಇದ್ದ. ಯಾರ ಕೈಗಾದರೂ ಕೊಟ್ಟು ಓದಿಸಬಹುದಿತ್ತು. ಅವನು ಕತ್ತು ಎತ್ತಿ ಸುತ್ತ ನೋಡಿದ. ನನ್ನನ್ನು ಕಂಡ. ಅಷ್ಟು ಜನರನ್ನು ಸರಿಸಿಕೊಂಡು ಹಗ್ಗದ ಹತ್ತಿರ ಬಂದು ಚೀಟಿಯನ್ನು ನನ್ನ ಮುಂದೆ ಹಿಡಿದ.

"ಕಣ್ಣಿನ ಚಾಳೀಸು ಟೆಂಪೋದಾಗ ಉಳೀತು. ಓದು."

ಅಂಕಿಗಳು ಸಣ್ಣವು, ಮಸಿ ತೆಳುವಾಗಿತ್ತು. ೧೪.೩. ಮೂರು ವಾರ ನಾನು ದೇವರಲ್ಲಿ ಬೇರೆ ಅಂಕಿ ಬೇಡಿಕೊಂಡಿದ್ದೆ. ಎಲ್ಲರೂ ನನ್ನ ಬಾಯಿಯನ್ನೇ ನೋಡುತ್ತಿದ್ದರು. ಹದಿಮೂರು ಒಂಬತ್ತು ಎಂದುಬಿಟ್ಟರೆ ಆ ಕ್ಷಣಕ್ಕೆ ಹುಡುಗರೆಲ್ಲ ಅವನನ್ನು ಹೆಗಲ ಮೇಲೆ ಎತ್ತಿಕೊಳ್ಳುತ್ತಿದ್ದರು. ಪ್ರೀತಿಯಿಂದಲೇ ಹೇಳುವ ಸುಳ್ಳು ಅದು, ಅದಕ್ಕೇ ನಾಲಿಗೆಯ ತುದಿಯವರೆಗೂ ಬಂತು.

"ಹದಿನಾಲ್ಕು ಬಿಂದು ಮೂರು" ಎಂದೆ.

"ಗಟ್ಟಿಯಾಗಿ ಓದು. ಮರಾಠಿಯೊಳಗ ಓದು. ಪಾಟೀಲಗ ಕೇಳಸ್ಬೇಕು."

"ಚೌದಾ ಪಾಯಿಂಟ್ ತೀನ್" ಎಂದು ಕೂಗಿದೆ. ಸಿದ್ದಣ್ಣ ಪಾಟೀಲನ ಕಡೆ ತಿರುಗಿ ತನ್ನ ಮುರುಕು ಮರಾಠಿಯಲ್ಲಿ, ಎಲ್ಲರಿಗೂ ಕೇಳುವ ಹಾಗೆ ಹೇಳಿದ. ಗೋಡೆಯ ಮೇಲಿನ ಅಂಕಿ ಸುಳ್ಳು, ದಾರಿ ಮೂವತ್ತು ಮೀಟರು ಕಡಿಮೆ ಇತ್ತು, ಮೊದಲಿನವನು ನೀನು, ನಾನಲ್ಲ. ಪಾಟೀಲ ನಂಬಲಾರದೆ, ಅಳೆದವರು ಯಾರು ಎಂದು ಕೇಳಿದ.

ನಾನು ಅಲ್ಲಿಯೇ, ಎರಡು ಮಾರು ದೂರದಲ್ಲಿ, ಚೀಟಿ ಹಿಡಿದು ನಿಂತಿದ್ದೆ. ಸಿದ್ದಣ್ಣ ಬೆರಳು ತೋರಿಸಿದ್ದರೆ ಸಾಕಿತ್ತು. ತೋರಿಸಬೇಕಾದದ್ದೂ ನ್ಯಾಯವೇ ಆಗಿತ್ತು.

"ನಾವಿಬ್ಬರೂ ಅಳದ್ವಿ, ನಾವಿಬ್ಬರೂ ತಪ್ಪಿದ್ವಿ" ಎಂದ ಅವನು ಮರಾಠಿಯಲ್ಲಿ.

ಪಾಟೀಲ ಅವನ ಎರಡೂ ಕೈ ಹಿಡಿದುಕೊಂಡ. ಬಿಡಿಸಿಕೊಂಡು ಸಿದ್ದಣ್ಣ ನನ್ನ ಹತ್ತಿರ ಬಂದ. ಮುಖದ ಮೇಲೆ ಸೋತವನ ಕಳೆ ಇರಲಿಲ್ಲ. "ಅವತ್ತು ಹದಿನಾಲ್ಕು ಏಳು, ಇವತ್ತು ಹದಿನಾಲ್ಕು ಮೂರು. ಏನಂತೀ? ಕಿವಿ ಖರೇನ ಹೇಳ್ತಿತ್ತಲೇ ಮಲ್ಲೂ" ಎಂದ. ಹತ್ತು ವರ್ಷದಲ್ಲಿ ತನ್ನ ಕೈ ಕಲಿತದ್ದೆಷ್ಟು ಎಂಬುದು ಅವನಿಗೆ ಮೊದಲ ಸಲ ಗೊತ್ತಾಗಿತ್ತು. ಅದನ್ನು ಇಷ್ಟು ವರ್ಷ ಅವನಿಂದ ಕಿತ್ತುಕೊಂಡವನು ನಾನು. ಕ್ಷಮಿಸು ಎನ್ನಲು ಬಾಯಿ ತೆರೆದೆ, ಅವನು ಕೇಳಿಸಿಕೊಳ್ಳಲು ನಿಲ್ಲಲಿಲ್ಲ.

"ಇನ್ನೊಂದು ಓಟ ಅದ. ಎಂಜಿನ್ ಬಿಸಿ ಮಾಡಬಾರದು, ಗೆರೀತನಾ ನೂಕಬೇಕು. ಬಾ, ಕೈ ಹಚ್ಚು."

ಹಗ್ಗ ದಾಟಿ ಹೋದೆ. ಹೋರಿಯ ಸೀಟಿನ ಹಿಂದೆ ಎರಡೂ ಕೈಯಿಟ್ಟು, ಕಣ್ಣಿಗೆ ಏನೂ ಸರಿಯಾಗಿ ಕಾಣದಿದ್ದರೂ, ಮೈಯ ಬಲವನ್ನೆಲ್ಲ ಹಾಕಿ ನೂಕಿದೆ.